ಮೈಕೇಲ್ ವೆಸ್ಟ್: ಅರ್ಧಕ್ಕೆ ನಿಂತ ಓದಿನ ಬೆಲೆ

ಭಾರತದಲ್ಲಿ ಇಂಗ್ಲಿಷ್ ಶಿಕ್ಷಣದ ಚರಿತ್ರೆಯನ್ನು ಬರೆಯುವವರು ೧೮೩೫ರ ಮೆಕಾಲೆಯ ಟಿಪ್ಪಣಿಯಿಂದ ತೊಡಗಿ, ೧೮೫೪ರ ವುಡ್‌ನ ನಿರೂಪದ ಮೂಲಕ ಹಾದು, ವಿಶ್ವವಿದ್ಯಾನಿಲಯಗಳ ಸ್ಥಾಪನೆಗೆ ಬಂದು ನಿಲ್ಲುವುದು ವಾಡಿಕೆ. ನೀತಿಯನ್ನು ರೂಪಿಸಿದವರ ಹೆಸರುಗಳು ಈ ಚರಿತ್ರೆಯಲ್ಲಿ ಎದ್ದು ಕಾಣುತ್ತವೆ. ಆ ನೀತಿಯ ಫಲವಾಗಿ ಹಳ್ಳಿಯ ಶಾಲೆಯೊಂದರ ಬೆಂಚಿನ ಮೇಲೆ ಕುಳಿತು, ಮನೆಯಲ್ಲಿ ಯಾರೂ ಆಡದ ಭಾಷೆಯ ಪುಸ್ತಕವನ್ನು ಎದುರಿಗಿಟ್ಟುಕೊಂಡ ಹುಡುಗನು ಅದನ್ನು ಹೇಗೆ ಓದಿದ, ಎಷ್ಟನ್ನು ಓದಿದ, ಶಾಲೆಯನ್ನು ಬಿಟ್ಟ ಮೇಲೆ ಅವನ ಪಾಲಿಗೆ ಉಳಿದುದೇನು ಎಂಬ ಪ್ರಶ್ನೆಗಳು ಮಾತ್ರ ಹಿಂದೆ ಸರಿಯುತ್ತವೆ. ಈ ಪ್ರಶ್ನೆಗಳನ್ನೇ ಜೀವಮಾನದ ಕೆಲಸವನ್ನಾಗಿ ಮಾಡಿಕೊಂಡವರು ಮೈಕೇಲ್ ಫಿಲಿಪ್ ವೆಸ್ಟ್ (೧೮೮೮-೧೯೭೩).

ವೆಸ್ಟ್ ಅವರ ಹೆಸರು ಇಂಗ್ಲಿಷ್ ಬೋಧನೆಯ ಕ್ಷೇತ್ರದಲ್ಲಿ ಪ್ರಸಿದ್ಧವಾಗಿದೆ. ೧೯೫೩ರಲ್ಲಿ ಅವರು ಸಂಪಾದಿಸಿದ ಎರಡು ಸಾವಿರ ಪದಗಳ ಪಟ್ಟಿ ಇಂದಿಗೂ ಆ ಕ್ಷೇತ್ರದ ಸಂಶೋಧಕರಿಗೆ ಪರಿಚಿತ. ಆದರೆ ಆ ಪಟ್ಟಿಯ ಬೇರುಗಳು ಲಂಡನ್ನಿನಲ್ಲಾಗಲಿ ನ್ಯೂಯಾರ್ಕಿನಲ್ಲಾಗಲಿ ಇಲ್ಲ. ಅವು ಪೂರ್ವ ಬಂಗಾಳದ ಢಾಕಾ ನಗರದ ಶಾಲೆಗಳಲ್ಲಿವೆ. ಒಂದು ಭಾರತೀಯ ಭಾಷೆಯನ್ನು ತಾಯ್ನುಡಿಯಾಗಿ ಉಳ್ಳ ಮಕ್ಕಳ ನಡುವೆ ಹುಟ್ಟಿದ ಚಿಂತನೆ ಅದು. ಹೊರನಾಡುಗಳಲ್ಲಿ ಎರಡು ಮೂರು ಭಾಷೆಗಳ ನಡುವೆ ಬದುಕುತ್ತಿರುವ ಕನ್ನಡಿಗರಿಗೆ ವೆಸ್ಟ್ ಅವರ ಬದುಕು ಮತ್ತು ಕೃತಿಗಳು ಪ್ರಸ್ತುತವಾಗುವುದು ಈ ಕಾರಣದಿಂದ.

೧

ವೆಸ್ಟ್ ಹುಟ್ಟಿದ್ದು ೧೮೮೮ರಲ್ಲಿ, ಇಂಗ್ಲೆಂಡಿನಲ್ಲಿ. ಆಕ್ಸ್‌ಫರ್ಡ್ ವಿಶ್ವವಿದ್ಯಾನಿಲಯದ ಕ್ರೈಸ್ಟ್ ಚರ್ಚ್ ಕಾಲೇಜಿನಲ್ಲಿ ವಿದ್ಯಾಭ್ಯಾಸವನ್ನು ಪೂರೈಸಿ, ೧೯೧೨ರಲ್ಲಿ ಇಂಡಿಯನ್ ಎಜುಕೇಷನ್ ಸರ್ವಿಸ್ ಸೇರಿ ಬಂಗಾಳಕ್ಕೆ ಬಂದರು. ಆಗ ಅವರ ವಯಸ್ಸು ಇಪ್ಪತ್ತನಾಲ್ಕು. ಬಂದ ಎರಡು ವರ್ಷಗಳಲ್ಲಿಯೇ, ೧೯೧೪ರಲ್ಲಿ, ಶಿಕ್ಷಣ ಮತ್ತು ಮನಶ್ಶಾಸ್ತ್ರವನ್ನು ಕುರಿತ ಅವರ ಮೊದಲ ಪುಸ್ತಕ ಪ್ರಕಟವಾಯಿತು. ಮನಶ್ಶಾಸ್ತ್ರವು ಪ್ರಯೋಗ ಮತ್ತು ಮಾಪನಗಳ ದಾರಿಯನ್ನು ಹಿಡಿಯುತ್ತಿದ್ದ ಕಾಲ ಅದು. ಅಧ್ಯಾಪಕನ ಅನುಭವಕ್ಕೂ ಅಭಿಪ್ರಾಯಕ್ಕೂ ಇರುವ ಬೆಲೆಯನ್ನು ಒಪ್ಪಿಕೊಂಡೇ, ಅವುಗಳನ್ನು ಲೆಕ್ಕಕ್ಕೆ ಹಚ್ಚಿ ನೋಡಬೇಕೆಂಬ ಮನೋಧರ್ಮ ವೆಸ್ಟ್ ಅವರಲ್ಲಿ ಆರಂಭದಿಂದಲೂ ಇತ್ತೆಂಬುದಕ್ಕೆ ಮುಂದಿನ ಕೃತಿಗಳೇ ಸಾಕ್ಷಿ.

ಬಂಗಾಳದಲ್ಲಿ ಅವರು ಕಳೆದದ್ದು ಎರಡು ದಶಕಗಳು. ಈ ಅವಧಿಯ ಮುಖ್ಯ ಭಾಗ ಢಾಕಾದಲ್ಲಿ ಸಂದಿತು. ಅಲ್ಲಿನ ಶಿಕ್ಷಕರ ತರಬೇತಿ ಕಾಲೇಜಿನ ಪ್ರಾಂಶುಪಾಲರಾಗಿಯೂ ೧೯೨೧ರಲ್ಲಿ ಆರಂಭವಾದ ಢಾಕಾ ವಿಶ್ವವಿದ್ಯಾನಿಲಯದಲ್ಲಿ ಶಿಕ್ಷಣಶಾಸ್ತ್ರದ ಗೌರವ ರೀಡರ್ ಆಗಿಯೂ ಅವರು ಕೆಲಸ ಮಾಡಿದರು. ತರಬೇತಿ ಕಾಲೇಜಿನ ಹೊಣೆ ಹೊತ್ತವನಿಗೆ ಶಾಲೆಗಳ ಒಳಹೊರಗು ತಿಳಿಯುತ್ತದೆ. ತಾನು ತರಬೇತಿ ಕೊಟ್ಟ ಅಧ್ಯಾಪಕ ಮರಳಿ ತನ್ನ ಊರಿಗೆ ಹೋಗಿ ಅರುವತ್ತು ಹುಡುಗರ ಎದುರು ನಿಂತಾಗ ತರಬೇತಿಯಲ್ಲಿ ಯಾವುದು ನಿಲ್ಲುತ್ತದೆ, ಯಾವುದು ಬಿದ್ದುಹೋಗುತ್ತದೆ ಎಂಬುದನ್ನು ಅವನು ನೋಡಲೇಬೇಕಾಗುತ್ತದೆ. ವೆಸ್ಟ್ ಅವರ ಆಲೋಚನೆಗಳಿಗೆ ನೆಲದ ಸ್ಪರ್ಶ ಬಂದದ್ದು ಈ ಹುದ್ದೆಯಿಂದಲೇ ಎನ್ನಬಹುದು.

ಬಂಗಾಳದಲ್ಲಿ ಆ ಹೊತ್ತಿಗೆ ಶಿಕ್ಷಣ ಮಾಧ್ಯಮದ ಚರ್ಚೆ ಹೊಸದಾಗಿರಲಿಲ್ಲ. ರವೀಂದ್ರನಾಥ ಠಾಕೂರರು ೧೮೯೨ರಲ್ಲಿಯೇ ಬಂಗಾಳಿ ಬಾಲಕನ ಶಿಕ್ಷಣವು ಅವನ ಬದುಕಿನಿಂದ ದೂರವಾಗಿರುವುದನ್ನು ಖಂಡಿಸಿ, ತಾಯ್ನುಡಿಯ ಪರವಾಗಿ ಪ್ರಬಂಧ ಬರೆದಿದ್ದರು. ಮುಂದೆ ಅವರೇ ಬಂಗಾಳಿ ಮಕ್ಕಳಿಗಾಗಿ ಇಂಗ್ಲಿಷ್ ಪಾಠಪುಸ್ತಕಗಳನ್ನೂ ರಚಿಸಿದರು. ಇಂಗ್ಲಿಷನ್ನು ಪೂರ್ತಿಯಾಗಿ ಒಪ್ಪಿಕೊಳ್ಳುವುದಕ್ಕೂ ಪೂರ್ತಿಯಾಗಿ ತಳ್ಳಿಬಿಡುವುದಕ್ಕೂ ನಡುವೆ ಒಂದು ದಾರಿಯಿದೆಯೇ ಎಂಬ ಹುಡುಕಾಟ ಅಲ್ಲಿ ನಡೆದಿತ್ತು. ಆಂಗ್ಲ ಅಧಿಕಾರಿಯಾಗಿದ್ದ ವೆಸ್ಟ್ ಬೇರೊಂದು ದಿಕ್ಕಿನಿಂದ ಇದೇ ಹುಡುಕಾಟವನ್ನು ಸೇರಿಕೊಂಡರು.

೨

ಇಪ್ಪತ್ತನೆಯ ಶತಮಾನದ ಆರಂಭದಲ್ಲಿ ಭಾಷಾಬೋಧನೆಯ ಸುಧಾರಕರೆಲ್ಲ ಮೆಚ್ಚಿದ್ದು ನೇರ ವಿಧಾನವನ್ನು. ಅನ್ಯಭಾಷೆಯನ್ನು ಕಲಿಸುವಾಗ ತಾಯ್ನುಡಿಯನ್ನು ಬಳಸಕೂಡದು, ಮಾತಿನಿಂದಲೇ ಆರಂಭಿಸಬೇಕು, ಕಿವಿ ಮತ್ತು ನಾಲಗೆ ಪಳಗಿದ ಮೇಲೆ ಕಣ್ಣು ಮತ್ತು ಕೈಗಳ ಸರದಿ ಎಂಬುದು ಇದರ ತಿರುಳು. ಯೂರೋಪಿನ ಚಿಕ್ಕ ತರಗತಿಗಳಲ್ಲಿ, ಆ ಭಾಷೆಯನ್ನು ಸರಾಗವಾಗಿ ಆಡಬಲ್ಲ ಅಧ್ಯಾಪಕರ ಕೈಯಲ್ಲಿ ಈ ವಿಧಾನ ಫಲ ಕೊಟ್ಟಿತ್ತು. ಅದನ್ನು ಹಾಗೆಯೇ ತಂದು ಬಂಗಾಳದ ಶಾಲೆಗಳಿಗೆ ಅನ್ವಯಿಸಬೇಕೆಂಬ ಸಲಹೆಗಳು ಬಂದಾಗ ವೆಸ್ಟ್ ಒಪ್ಪಲಿಲ್ಲ. ಅಲ್ಲಿನ ಅಧ್ಯಾಪಕನಿಗೆ ಇಂಗ್ಲಿಷ್ ಮಾತು ಸುಲಭವಲ್ಲ. ಅವನ ತಪ್ಪು ಉಚ್ಚಾರವೇ ಮಕ್ಕಳಿಗೆ ಮಾದರಿಯಾಗುತ್ತದೆ. ದೊಡ್ಡ ತರಗತಿಯಲ್ಲಿ ಒಬ್ಬೊಬ್ಬ ಹುಡುಗನಿಗೆ ಮಾತನಾಡಲು ಸಿಗುವ ಅವಕಾಶ ಕೆಲವೇ ಕ್ಷಣಗಳದ್ದು. ಶಾಲೆಯ ಹೊರಗೆ ಅವನೊಂದಿಗೆ ಇಂಗ್ಲಿಷಿನಲ್ಲಿ ಮಾತನಾಡುವವರೇ ಇಲ್ಲ.

ಇದಕ್ಕಿಂತ ಗಂಭೀರವಾದ ಇನ್ನೊಂದು ಸಂಗತಿಯನ್ನು ವೆಸ್ಟ್ ಗುರುತಿಸಿದರು. ಮೊದಲ ತರಗತಿಗೆ ಸೇರಿದ ಮಕ್ಕಳಲ್ಲಿ ಮೆಟ್ರಿಕ್ಯುಲೇಷನ್ ಪರೀಕ್ಷೆಯವರೆಗೆ ತಲುಪುವವರು ಕೆಲವರು ಮಾತ್ರ. ಉಳಿದವರು ದಾರಿಯಲ್ಲಿ ಎಲ್ಲೋ ಒಂದು ಕಡೆ ಶಾಲೆಯನ್ನು ಬಿಡುತ್ತಾರೆ. ಆದರೆ ಪಠ್ಯಕ್ರಮವು ರಚಿತವಾದದ್ದು ಕೊನೆಯವರೆಗೆ ಉಳಿಯುವವರನ್ನು ಕಣ್ಣಮುಂದಿಟ್ಟುಕೊಂಡು. ಮೊದಲ ವರ್ಷಗಳೆಲ್ಲ ತಳಪಾಯಕ್ಕೆ ಮೀಸಲು. ಕಟ್ಟಡ ಏಳುವುದು ಕೊನೆಯ ವರ್ಷಗಳಲ್ಲಿ. ಮೂರನೆಯ ವರ್ಷಕ್ಕೋ ನಾಲ್ಕನೆಯ ವರ್ಷಕ್ಕೋ ಶಾಲೆ ಬಿಟ್ಟ ಹುಡುಗನ ಕೈಯಲ್ಲಿ ಉಳಿಯುವುದು ವಾಸಕ್ಕೆ ಬಾರದ ತಳಪಾಯ ಮಾತ್ರ.

ಇದನ್ನು ವಿವರಿಸಲು ಅವರು ವಿಮಾ ವ್ಯವಹಾರದಿಂದ ಒಂದು ಪರಿಭಾಷೆಯನ್ನು ಎರವಲು ಪಡೆದರು. ಜೀವವಿಮೆಯ ಪಾಲಿಸಿಯನ್ನು ಅವಧಿಗೆ ಮೊದಲೇ ನಿಲ್ಲಿಸಿದವನಿಗೆ, ಅವನು ಕಟ್ಟಿದ ಕಂತುಗಳಿಗೆ ಪ್ರತಿಯಾಗಿ ಸಿಗುವ ಹಣವೇ ಸರೆಂಡರ್ ಮೌಲ್ಯ. ಶಿಕ್ಷಣಕ್ಕೂ ಇಂಥದೊಂದು ಮೌಲ್ಯವಿದೆ ಎಂಬುದು ವೆಸ್ಟ್ ಅವರ ವಾದ. ಒಂದು ಭಾಷಾಪಾಠವನ್ನು ಯಾವ ಹಂತದಲ್ಲಿ ಬಿಟ್ಟರೂ, ಅಲ್ಲಿಯವರೆಗೆ ಕಲಿತದ್ದು ಕಲಿತವನಿಗೆ ಉಪಯೋಗಕ್ಕೆ ಬರುವಂತಿರಬೇಕು. ಈ ಅಳತೆಗೋಲಿನಿಂದ ನೋಡಿದಾಗ ಮಾತು, ಬರವಣಿಗೆ ಮತ್ತು ಓದು ಈ ಮೂರರಲ್ಲಿ ಓದೇ ಮೇಲೆನಿಸುತ್ತದೆ. ಅರ್ಧ ಕಲಿತ ಮಾತು ಬಳಕೆಯಿಲ್ಲದೆ ಬೇಗ ಮರೆಯುತ್ತದೆ. ಅರ್ಧ ಕಲಿತ ಬರವಣಿಗೆಯಿಂದ ಒಂದು ಪತ್ರವನ್ನೂ ನೆಟ್ಟಗೆ ಬರೆಯಲಾಗದು. ಅರ್ಧ ಕಲಿತ ಓದಿಗೆ ತಕ್ಕ ಸರಳ ಪುಸ್ತಕಗಳಿದ್ದರೆ ಶಾಲೆ ಬಿಟ್ಟವನು ಗುರುವಿನ ಸಹಾಯವಿಲ್ಲದೆ ತಾನೇ ಮುಂದುವರಿಯಬಲ್ಲ.

ಶಿಕ್ಷಣಪದ್ಧತಿಯೊಂದರ ಯೋಗ್ಯತೆಯನ್ನು ಅದರಲ್ಲಿ ಗೆದ್ದವರಿಂದ ಅಳೆಯುವುದು ಎಲ್ಲ ಕಾಲದ ರೂಢಿ. ಅದರಿಂದ ಅರ್ಧಕ್ಕೆ ಹೊರಬಿದ್ದವರನ್ನು ಮುಂದಿಟ್ಟುಕೊಂಡು ಅಳೆಯಬೇಕೆಂದದ್ದು ವೆಸ್ಟ್ ಅವರ ಹೆಚ್ಚುಗಾರಿಕೆ. ಅವರ ಮುಂದಿನ ಎಲ್ಲ ಕೆಲಸಗಳೂ, ಪದಪಟ್ಟಿಯಂಥ ಒಣ ಕೆಲಸವೂ, ಈ ಒಂದು ಕಾಳಜಿಯಿಂದ ಹುಟ್ಟಿದವು.

೩

ಈ ವಿಚಾರಗಳನ್ನು ವೆಸ್ಟ್ ವಿಸ್ತಾರವಾಗಿ ಮಂಡಿಸಿದ್ದು ೧೯೨೬ರಲ್ಲಿ ಕಲಕತ್ತೆಯಿಂದ ಸರಕಾರಿ ವರದಿಯ ರೂಪದಲ್ಲಿ ಹೊರಬಂದ, ಬಂಗಾಳವನ್ನು ವಿಶೇಷವಾಗಿ ಲಕ್ಷಿಸಿದ ದ್ವಿಭಾಷಿಕತೆಯ ಅಧ್ಯಯನದಲ್ಲಿ. ಈ ಅಧ್ಯಯನವೇ ಅವರಿಗೆ ೧೯೨೭ರಲ್ಲಿ ಆಕ್ಸ್‌ಫರ್ಡಿನ ಡಿ.ಫಿಲ್. ಪದವಿಯನ್ನು ತಂದುಕೊಟ್ಟಿತು. ದ್ವಿಭಾಷಿಕತೆ ಎಂಬ ವಿಷಯಕ್ಕೆ ಭಾರತದಲ್ಲಿ ಇನ್ನೂ ಶಾಸ್ತ್ರದ ಮನ್ನಣೆ ಇಲ್ಲದಿದ್ದ ಕಾಲದಲ್ಲಿ ಬಂದ ಕೃತಿ ಇದು.

ಅದರ ಪ್ರತಿಪಾದನೆಯನ್ನು ಹೀಗೆ ಸಂಗ್ರಹಿಸಬಹುದು. ತಾಯ್ನುಡಿಯು ಭಾವಕ್ಕೂ ಬದುಕಿಗೂ ಸಂಬಂಧಿಸಿದ ಭಾಷೆ. ಅದರ ಸ್ಥಾನವನ್ನು ಬೇರೊಂದು ಭಾಷೆ ತುಂಬಲಾರದು. ಆದರೆ ವಿಜ್ಞಾನ, ತಂತ್ರಜ್ಞಾನ, ವಾಣಿಜ್ಯಗಳ ಹೊಸ ತಿಳಿವಳಿಕೆ ಕೆಲವೇ ದೊಡ್ಡ ಭಾಷೆಗಳಲ್ಲಿ ದಿನದಿನವೂ ಸಂಗ್ರಹವಾಗುತ್ತಿದೆ. ಅಷ್ಟನ್ನೂ ಅಷ್ಟೇ ವೇಗದಲ್ಲಿ ಅನುವಾದಿಸಿಕೊಳ್ಳುವುದು ಇತರ ಭಾಷೆಗಳಿಗೆ ಕಷ್ಟ. ಆದುದರಿಂದ ಆ ಭಾಷೆಗಳನ್ನಾಡುವವರು ಇನ್ನೊಂದು ಭಾಷೆಯನ್ನೂ ಅರಿಯಬೇಕಾಗುತ್ತದೆ. ಈ ಅಗತ್ಯ ಬಂಗಾಳಿಗರದ್ದು ಮಾತ್ರವಲ್ಲ, ಯೂರೋಪಿನ ಸಣ್ಣ ದೇಶಗಳದ್ದೂ ಹೌದು. ಈ ಅಗತ್ಯವನ್ನು ಪೂರೈಸುವ ಇಂಗ್ಲಿಷ್ ಮುಖ್ಯವಾಗಿ ಓದಿ ಅರಿಯುವ ಇಂಗ್ಲಿಷ್. ಎಲ್ಲರೂ ಇಂಗ್ಲಿಷಿನಲ್ಲಿ ಭಾಷಣ ಮಾಡಬೇಕಾಗಿಲ್ಲ, ಕಾವ್ಯ ಬರೆಯಬೇಕಾಗಿಲ್ಲ. ತನಗೆ ಬೇಕಾದುದನ್ನು ಪುಸ್ತಕದಿಂದ ತಿಳಿದುಕೊಳ್ಳುವ ಶಕ್ತಿ ಬಂದರೆ ಸಾಕು.

ಅದೇ ೧೯೨೬ರಲ್ಲಿ ಅವರ ಇನ್ನೊಂದು ಪುಸ್ತಕ ಬಂದಿತು. ಅನ್ಯಭಾಷೆಯನ್ನು ಓದಲು ಕಲಿಯುವ ಬಗೆಯನ್ನು ಪ್ರಯೋಗಗಳ ಮೂಲಕ ಪರಿಶೀಲಿಸಿದ ಕೃತಿ ಅದು. ೧೯೨೯ರಲ್ಲಿ ಶಿಕ್ಷಣದಲ್ಲಿ ಭಾಷೆಯ ಸ್ಥಾನವನ್ನು ಕುರಿತ ಕೃತಿ ಪ್ರಕಟವಾಯಿತು. ಇದೇ ೧೯೨೯ರಲ್ಲಿ ಅಮೆರಿಕದಲ್ಲಿ ಆಲ್ಜರ್ನನ್ ಕೋಲ್ಮನ್ ಅವರ ವರದಿಯು ಅಲ್ಲಿನ ಶಾಲೆಗಳಲ್ಲಿ ಅನ್ಯಭಾಷೆಯ ಬೋಧನೆಗೆ ಓದನ್ನೇ ಮುಖ್ಯ ಗುರಿಯನ್ನಾಗಿ ಇಟ್ಟುಕೊಳ್ಳುವುದು ಕಾರ್ಯಸಾಧ್ಯವೆಂದು ಹೇಳಿದ್ದನ್ನು ಗಮನಿಸಿದರೆ, ಢಾಕಾದ ಚಿಂತನೆ ಒಂಟಿದನಿಯಾಗಿ ಉಳಿಯಲಿಲ್ಲವೆಂಬುದು ತಿಳಿಯುತ್ತದೆ.

೪

ಓದನ್ನು ಮೊದಲು ಕಲಿಸಬೇಕೆಂದು ಹೇಳುವುದು ಸುಲಭ. ಓದಲು ಏನನ್ನು ಕೊಡಬೇಕೆಂಬುದು ಕಷ್ಟದ ಪ್ರಶ್ನೆ. ಆಗ ಬಳಕೆಯಲ್ಲಿದ್ದ ಇಂಗ್ಲಿಷ್ ವಾಚಕಗಳನ್ನು ವೆಸ್ಟ್ ಪದಪದವಾಗಿ ಎಣಿಸಿ ನೋಡಿದರು. ಎರಡು ದೋಷಗಳು ಅವರ ಕಣ್ಣಿಗೆ ಬಿದ್ದವು. ಮೊದಲನೆಯದು ಪದಗಳ ಆಯ್ಕೆಗೆ ಸಂಬಂಧಿಸಿದ್ದು. ಹಳೆಯ ಕಥೆ, ಕಾವ್ಯಗಳಿಂದ ಆರಿಸಿದ ಪಾಠಗಳಲ್ಲಿ ಇಂಗ್ಲಿಷರೇ ಬಳಕೆಯಲ್ಲಿ ಬಿಟ್ಟಿದ್ದ ಶಬ್ದಗಳು ತುಂಬಿದ್ದವು. ದ್ವೀಪಕ್ಕೆ ‘ಐಲ್ಯಾಂಡ್’ ಎಂಬ ಮಾತಿರುವಾಗ ಹುಡುಗನು ‘ಐಲ್’ ಎಂಬುದನ್ನು ಕಲಿಯುತ್ತಿದ್ದ. ‘ಬಿಫೋರ್’ ಎನ್ನುವುದನ್ನು ಅರಿಯುವ ಮೊದಲೇ ‘ಎರ್’ ಎಂಬುದನ್ನು ಬಾಯಿಪಾಠ ಮಾಡುತ್ತಿದ್ದ. ‘ನಥಿಂಗ್’ ಇರಬೇಕಾದಲ್ಲಿ ‘ನಾಟ್’ ಎಂಬ ಹಳೆಯ ರೂಪ ಕುಳಿತಿತ್ತು. ಹಳಗನ್ನಡದ ಪದ್ಯಭಾಗಗಳಿಂದ ಕನ್ನಡವನ್ನು ಕಲಿಯಲು ತೊಡಗುವ ಅನ್ಯಭಾಷಿಕನ ಪಾಡನ್ನು ನೆನೆದರೆ ಈ ಹುಡುಗನ ಪಾಡು ಅರ್ಥವಾಗುತ್ತದೆ.

ಎರಡನೆಯ ದೋಷ ಪದಗಳ ಹಂಚಿಕೆಗೆ ಸಂಬಂಧಿಸಿದ್ದು. ಹೊಸ ಶಬ್ದಗಳು ಪಾಠದಲ್ಲಿ ಒಂದರ ಮೇಲೊಂದು ಒತ್ತಿಕೊಂಡು ಬರುತ್ತಿದ್ದವು. ಒಂದು ವಾಕ್ಯದಲ್ಲಿ ಮೂರು ನಾಲ್ಕು ಅಪರಿಚಿತ ಶಬ್ದಗಳಿದ್ದರೆ ಓದುವವನು ಪ್ರತಿ ಹೆಜ್ಜೆಗೂ ನಿಲ್ಲಬೇಕಾಗುತ್ತದೆ. ಆಗ ನಡೆಯುವುದು ಓದಲ್ಲ, ಒಗಟು ಬಿಡಿಸುವ ಕೆಲಸ. ಒಮ್ಮೆ ಬಂದ ಶಬ್ದ ಮತ್ತೆ ಬರುವುದೂ ಅಪರೂಪವಾದ್ದರಿಂದ ಕಷ್ಟಪಟ್ಟು ಕಲಿತದ್ದೂ ನಿಲ್ಲುತ್ತಿರಲಿಲ್ಲ.

ಇವೆರಡಕ್ಕೂ ಅವರು ಪರಿಹಾರವನ್ನು ಕಂಡುಕೊಂಡರು. ಅಮೆರಿಕದ ಮನಶ್ಶಾಸ್ತ್ರಜ್ಞ ಎಡ್ವರ್ಡ್ ಥಾರ್ನ್‌ಡೈಕ್ ಅವರು ೧೯೨೧ರಲ್ಲಿ ಇಂಗ್ಲಿಷಿನಲ್ಲಿ ಹೆಚ್ಚಾಗಿ ಬಳಕೆಯಾಗುವ ಹತ್ತು ಸಾವಿರ ಪದಗಳನ್ನು ಎಣಿಸಿ ಪಟ್ಟಿಮಾಡಿದ್ದರು. ಅದನ್ನು ಆಧಾರವಾಗಿಟ್ಟುಕೊಂಡು ವೆಸ್ಟ್ ಅಪರೂಪದ ಶಬ್ದಗಳ ಸ್ಥಾನದಲ್ಲಿ ಬಳಕೆಯ ಶಬ್ದಗಳನ್ನಿಟ್ಟರು. ಹೊಸ ಶಬ್ದವೊಂದು ಬಂದ ಮೇಲೆ ಸುಮಾರು ಐವತ್ತು ಪರಿಚಿತ ಪದಗಳ ಓದು ನಡೆದ ಬಳಿಕವೇ ಮತ್ತೊಂದು ಹೊಸ ಶಬ್ದ ಬರಬೇಕೆಂಬ ನಿಯಮವನ್ನು ಹಾಕಿಕೊಂಡರು. ಬಂದ ಶಬ್ದ ಅದೇ ಪಾಠದಲ್ಲಿ ಹಲವು ಬಾರಿ ಮರುಕಳಿಸುವಂತೆ ನೋಡಿಕೊಂಡರು. ಪಾಠವನ್ನು ಓದಿದ ಮೇಲೆ ಪ್ರಶ್ನೆ ಕೇಳುವ ಪದ್ಧತಿಯನ್ನು ಬದಲಿಸಿ ಓದುವ ಮೊದಲೇ ಪ್ರಶ್ನೆಯನ್ನು ಮುಂದಿಟ್ಟರು. ಉತ್ತರವನ್ನು ಹುಡುಕುವ ಉದ್ದೇಶದಿಂದ ಹುಡುಗನು ಮೌನವಾಗಿ ಓದುವಂತಾಯಿತು. ತರಗತಿಯೆಲ್ಲ ಒಟ್ಟಿಗೆ ಗಟ್ಟಿಯಾಗಿ ಓದುವಾಗ ಬಾಯಿಗೆ ಕೆಲಸವಿದ್ದು ಬುದ್ಧಿಗೆ ಬಿಡುವಿರುತ್ತದೆಂಬುದನ್ನು ಅವರು ಬಲ್ಲವರಾಗಿದ್ದರು.

ಈ ತತ್ತ್ವಗಳ ಮೇಲೆ ರಚಿತವಾದ ‘ನ್ಯೂ ಮೆಥಡ್’ ವಾಚಕಗಳನ್ನು ಲಾಂಗ್‌ಮನ್ಸ್ ಗ್ರೀನ್ ಸಂಸ್ಥೆಯು ೧೯೨೦ರ ದಶಕದ ಉತ್ತರಾರ್ಧದಿಂದ ಪ್ರಕಟಿಸತೊಡಗಿತು. ಪ್ರತಿ ಹಂತದ ವಾಚಕಕ್ಕೂ ಜೊತೆಯಾಗಿ, ಅದೇ ಹಂತದ ಶಬ್ದಗಳಲ್ಲಿ ಬರೆದ ಕಥೆಪುಸ್ತಕಗಳು ಬಂದವು. ಮುಂದೆ ಮಾತು ಮತ್ತು ರಚನಾಭ್ಯಾಸಗಳಿಗೆ ಸಂಬಂಧಿಸಿದ ಪುಸ್ತಕಗಳೂ ಸೇರಿಕೊಂಡವು. ಓದಿ ಅರಿಯಲು ಬೇಕಾಗುವ ಶಬ್ದಸಂಪತ್ತು ದೊಡ್ಡದು, ಆಡಲು ಬರೆಯಲು ಬೇಕಾಗುವುದು ಚಿಕ್ಕದು ಎಂಬ ವಿವೇಚನೆ ಇವುಗಳ ಹಿಂದೆ ಇತ್ತು. ಓದಿನಲ್ಲಿ ಮತ್ತೆ ಮತ್ತೆ ಎದುರಾಗಿ ಪಳಗಿದ ಶಬ್ದಗಳೇ ಬರವಣಿಗೆಗೆ ಇಳಿಯಬೇಕೆಂಬುದು ಅವರ ಕ್ರಮ. ಮೂವತ್ತು ನಲವತ್ತು ಪುಟಗಳ ಇಡೀ ಪುಸ್ತಕವೊಂದನ್ನು ಯಾರ ನೆರವೂ ಇಲ್ಲದೆ ಓದಿ ಮುಗಿಸಿದ ಮಗುವಿನಲ್ಲಿ ಮೂಡುವ ಆತ್ಮವಿಶ್ವಾಸವನ್ನು ವೆಸ್ಟ್ ಬೋಧನೆಯ ಸಾಧನವೆಂದೇ ಭಾವಿಸಿದ್ದರು.

೫

೧೯೩೨ರಲ್ಲಿ ಅವರು ಭಾರತದ ಸೇವೆಯಿಂದ ನಿವೃತ್ತರಾದರು. ಬಳಿಕ ಕೆಲಕಾಲ ಕೆನಡಾದ ಟೊರಾಂಟೋದಲ್ಲಿ ಸಂಶೋಧನೆ ನಡೆಸಿದರು. ಸಿ.ಕೆ. ಆಗ್ಡನ್ ಅವರು ೧೯೩೦ರಲ್ಲಿ ೮೫೦ ಪದಗಳ ‘ಬೇಸಿಕ್ ಇಂಗ್ಲಿಷ್’ ಅನ್ನು ಮುಂದಿಟ್ಟಿದ್ದರು. ಅದನ್ನು ವೆಸ್ಟ್ ಮತ್ತು ಸಂಗಡಿಗರು ೧೯೩೪ರಲ್ಲಿ ಕಟುವಾಗಿ ವಿಮರ್ಶಿಸಿದರು. ಪದಗಳ ಸಂಖ್ಯೆ ಕಡಿಮೆಯಾದ ಮಾತ್ರಕ್ಕೆ ಕಲಿಕೆ ಹಗುರವಾಗುವುದಿಲ್ಲ. ಒಂದೊಂದು ಪದದ ಮೇಲೆಯೂ ಹತ್ತಾರು ಅರ್ಥಗಳನ್ನು ಹೇರಿದರೆ ಕಲಿಯುವವನ ಹೊರೆ ಹೆಚ್ಚುತ್ತದೆ ಎಂಬುದು ವಿಮರ್ಶೆಯ ಸಾರ. ಎಣಿಸಬೇಕಾದುದು ಪದಗಳನ್ನಷ್ಟೇ ಅಲ್ಲ, ಅರ್ಥಗಳನ್ನೂ ಎಂಬ ಈ ತಿಳಿವು ಅವರ ಮುಂದಿನ ಕೆಲಸಕ್ಕೆ ದಾರಿ ತೋರಿತು.

೧೯೩೫ರಲ್ಲಿ ಚೀನಾದಲ್ಲಿ ಕೆಲಸ ಮಾಡಿದ್ದ ಕೆನಡಾದ ಮಿಶನರಿ ಜೆ.ಜಿ. ಎಂಡಿಕಾಟ್ ಅವರೊಡನೆ ವೆಸ್ಟ್ ಪ್ರಕಟಿಸಿದ ನಿಘಂಟು ಕೋಶರಚನೆಯ ಚರಿತ್ರೆಯಲ್ಲಿ ಮಹತ್ವದ್ದು. ಅದರಲ್ಲಿ ಸುಮಾರು ಇಪ್ಪತ್ತನಾಲ್ಕು ಸಾವಿರ ಪದಗಳು ಮತ್ತು ನುಡಿಗಟ್ಟುಗಳಿಗೆ ಅರ್ಥವಿದೆ. ಆ ಅರ್ಥಗಳನ್ನೆಲ್ಲ ಬರೆದಿರುವುದು ಕೇವಲ ೧,೪೯೦ ಪದಗಳಲ್ಲಿ. ನಿಘಂಟಿನಲ್ಲಿ ಒಂದು ಶಬ್ದದ ಅರ್ಥ ಹುಡುಕಿದವನು ಆ ಅರ್ಥದಲ್ಲಿರುವ ಕಠಿಣ ಶಬ್ದಕ್ಕಾಗಿ ಇನ್ನೊಂದು ಪುಟವನ್ನು ತಿರುವುವ ತೊಂದರೆ ಇದರಿಂದ ತಪ್ಪಿತು. ಇಂಗ್ಲಿಷನ್ನು ಅನ್ಯಭಾಷೆಯಾಗಿ ಕಲಿಯುವವರನ್ನೇ ಗಮನದಲ್ಲಿಟ್ಟ ಏಕಭಾಷಾ ನಿಘಂಟುಗಳಿಗೆ ಇದು ನಾಂದಿಯಾಯಿತು. ೧೯೭೮ರಲ್ಲಿ ಲಾಂಗ್‌ಮನ್ ಸಂಸ್ಥೆಯ ಪ್ರಸಿದ್ಧ ಸಮಕಾಲೀನ ಇಂಗ್ಲಿಷ್ ನಿಘಂಟು ಸುಮಾರು ಎರಡು ಸಾವಿರ ಪದಗಳಲ್ಲಿಯೇ ಅರ್ಥಗಳನ್ನು ವಿವರಿಸಿದಾಗ ಅದು ವೆಸ್ಟ್ ಹಾಕಿದ ದಾರಿಯಲ್ಲಿಯೇ ನಡೆಯಿತು.

ಈ ನಡುವೆ ಇನ್ನೊಬ್ಬ ಆಂಗ್ಲ ವಿದ್ವಾಂಸ ಹೆರಾಲ್ಡ್ ಪಾಮರ್ ೧೯೨೨ರಿಂದ ಜಪಾನಿನ ಟೋಕಿಯೋದಲ್ಲಿ ಇಂಗ್ಲಿಷ್ ಬೋಧನೆಯನ್ನು ಕುರಿತು ಸಂಶೋಧನೆ ನಡೆಸಿದ್ದರು. ಪಾಮರ್ ಮಾತಿಗೆ ಆದ್ಯತೆ ಕೊಟ್ಟವರು, ವೆಸ್ಟ್ ಓದಿಗೆ. ದಾರಿಗಳು ಬೇರೆಯಾದರೂ ಮಿತವಾದ, ಆರಿಸಿದ ಶಬ್ದಸಂಪತ್ತು ಬೇಕೆಂಬಲ್ಲಿ ಇಬ್ಬರೂ ಕೂಡಿದರು. ಕಾರ್ನೆಗೀ ಸಂಸ್ಥೆಯ ನೆರವಿನಿಂದ ೧೯೩೪ರಲ್ಲಿ ನ್ಯೂಯಾರ್ಕಿನಲ್ಲಿಯೂ ೧೯೩೫ರಲ್ಲಿ ಲಂಡನ್ನಿನಲ್ಲಿಯೂ ಸಮ್ಮೇಳನಗಳು ನಡೆದು, ೧೯೩೬ರಲ್ಲಿ ಫಾಸೆಟ್, ಪಾಮರ್, ಥಾರ್ನ್‌ಡೈಕ್ ಮತ್ತು ವೆಸ್ಟ್ ಈ ನಾಲ್ವರ ಹೆಸರಿನಲ್ಲಿ ಶಬ್ದಗಳ ಆಯ್ಕೆಯನ್ನು ಕುರಿತ ಮಧ್ಯಂತರ ವರದಿ ಹೊರಬಂದಿತು. ಎರಡನೆಯ ಮಹಾಯುದ್ಧ ಕಳೆದ ಮೇಲೆ ಇದನ್ನು ಪರಿಷ್ಕರಿಸಿ ವಿಸ್ತರಿಸುವ ಹೊಣೆಯನ್ನು ಹೊತ್ತವರು ವೆಸ್ಟ್.

ಹೀಗೆ ೧೯೫೩ರಲ್ಲಿ ಹೊರಬಂದದ್ದು ಇಂಗ್ಲಿಷಿನ ಸಾಮಾನ್ಯೋಪಯೋಗಿ ಪದಗಳ ಪಟ್ಟಿ. ಇದರಲ್ಲಿ ಸುಮಾರು ಎರಡು ಸಾವಿರ ಮುಖ್ಯ ಪದಗಳಿವೆ. ಐವತ್ತು ಲಕ್ಷ ಪದಗಳ ಬರಹವನ್ನು ಎಣಿಸಿದ ಫಲವನ್ನು ಆಧರಿಸಿ, ಪ್ರತಿಯೊಂದು ಪದವೂ ಯಾವ ಅರ್ಥದಲ್ಲಿ ಶೇಕಡಾ ಎಷ್ಟು ಬಾರಿ ಬರುತ್ತದೆ ಎಂಬುದನ್ನು ಇದು ತಿಳಿಸುತ್ತದೆ. ಗಣಕಯಂತ್ರದ ನೆರವಿಲ್ಲದ ಕಾಲದಲ್ಲಿ ಕಣ್ಣಿನಿಂದ ಓದಿ, ಕೈಯಿಂದ ಎಣಿಸಿ ಸಿದ್ಧಗೊಂಡ ಲೆಕ್ಕ ಇದು. ಎಣಿಕೆಯೊಂದೇ ಆಯ್ಕೆಯ ಆಧಾರವಾಗಲಿಲ್ಲ. ಕಲಿಯಲು ಸುಲಭವೇ, ಬೇರೆ ಪದದಿಂದ ಹೇಳಲಾಗದ ಅರ್ಥವನ್ನು ಹೇಳುತ್ತದೆಯೇ, ಎಲ್ಲ ಸಂದರ್ಭಗಳಿಗೂ ಹೊಂದುತ್ತದೆಯೇ ಎಂಬಂಥ ಪ್ರಶ್ನೆಗಳನ್ನೂ ಕೇಳಿ ಪದಗಳನ್ನು ಆರಿಸಲಾಯಿತು. ಸಾಮಾನ್ಯ ಇಂಗ್ಲಿಷ್ ಬರಹದ ಸುಮಾರು ಶೇಕಡಾ ೮೦ರಷ್ಟು ಭಾಗವನ್ನು ಈ ಪದಗಳೇ ವ್ಯಾಪಿಸುತ್ತವೆಂದು ಮುಂದಿನ ಅಧ್ಯಯನಗಳು ತೋರಿಸಿವೆ. ಜನಪ್ರಿಯ ವಿಜ್ಞಾನ ಮತ್ತು ತಂತ್ರಜ್ಞಾನದ ಬರವಣಿಗೆಗೆ ಬೇಕಾಗುವ ಪದಗಳ ಪೂರಕ ಪಟ್ಟಿಯೊಂದನ್ನೂ ಗ್ರಂಥದ ಕೊನೆಗೆ ಸೇರಿಸಲಾಗಿದೆ. ಸಾಮಾನ್ಯ ಓದುಗನಿಗೆ ತಿಳಿವಳಿಕೆ ತಲುಪಬೇಕೆಂಬ ಢಾಕಾದ ದಿನಗಳ ಆಶಯ ಇಲ್ಲಿಯೂ ಉಳಿದಿತ್ತು.

೬

ಎಪ್ಪತ್ತು ದಾಟಿದ ಮೇಲೆ, ೧೯೬೦ರಲ್ಲಿ, ವೆಸ್ಟ್ ಪ್ರಕಟಿಸಿದ ಚಿಕ್ಕ ಪುಸ್ತಕ ಕಷ್ಟದ ಪರಿಸ್ಥಿತಿಗಳಲ್ಲಿ ಇಂಗ್ಲಿಷ್ ಕಲಿಸುವ ಬಗೆಯನ್ನು ಕುರಿತದ್ದು. ಕಿಕ್ಕಿರಿದ ಕೋಣೆ, ಅಲುಗಾಡಲು ಎಡೆಯಿಲ್ಲದ ಬೆಂಚುಗಳು, ಬೇರೆ ಬೇರೆ ಮಟ್ಟದ ಮಕ್ಕಳು, ಸಾಕಷ್ಟು ಇಂಗ್ಲಿಷ್ ಬಾರದ ಅಧ್ಯಾಪಕ, ಸುಡುವ ಬಿಸಿಲು ಇವನ್ನೆಲ್ಲ ಅಪವಾದವೆಂದು ಬದಿಗಿಡದೆ, ಜಗತ್ತಿನ ಬಹುಪಾಲು ತರಗತಿಗಳ ಸಹಜ ಸ್ಥಿತಿಯೆಂದೇ ಅವರು ತೆಗೆದುಕೊಂಡರು. ಅಧ್ಯಾಪಕ ಕಲಿಸುವುದಕ್ಕಿಂತ ವಿದ್ಯಾರ್ಥಿ ಕಲಿಯುವುದು ಮುಖ್ಯ; ಆದ್ದರಿಂದ ದೊಡ್ಡ ತರಗತಿಯಲ್ಲಿ ಮಕ್ಕಳು ತಾವೇ ಮಾಡಬಲ್ಲ ಅಭ್ಯಾಸಗಳು ಬೇಕೆಂಬುದು ಅವರ ನಿಲುವು.

ಅಂಥ ಅಭ್ಯಾಸಗಳಲ್ಲೊಂದು ವಿಶೇಷವಾಗಿ ಹೆಸರಾಯಿತು. ವಿದ್ಯಾರ್ಥಿ ಪುಸ್ತಕದ ಒಂದು ನುಡಿಗಟ್ಟನ್ನೋ ವಾಕ್ಯವನ್ನೋ ಮೌನವಾಗಿ ಓದಬೇಕು. ಬಳಿಕ ತಲೆಯೆತ್ತಿ, ಎದುರಿಗಿರುವ ಒಬ್ಬನನ್ನು ನೋಡುತ್ತ ಅದನ್ನು ಹೇಳಬೇಕು. ಕಣ್ಣು ಪುಸ್ತಕದ ಮೇಲಿರುವಾಗ ಬಾಯಿ ತೆರೆಯಕೂಡದು. ಆ ಒಂದು ಕ್ಷಣದ ಅಂತರದಲ್ಲಿ ವಾಕ್ಯವು ಕಣ್ಣಿನಿಂದ ಮನಸ್ಸಿಗೆ ಹೋಗಿ, ಅರ್ಥಸಹಿತವಾಗಿ ಬಾಯಿಗೆ ಬರುತ್ತದೆ. ಅಕ್ಷರಗಳಿಗೆ ಧ್ವನಿ ಕೊಡುವುದಕ್ಕೂ ಓದುವುದಕ್ಕೂ ಇರುವ ವ್ಯತ್ಯಾಸವನ್ನು ಖರ್ಚಿಲ್ಲದೆ, ಉಪಕರಣವಿಲ್ಲದೆ ಸಾಧಿಸುವ ಉಪಾಯ ಇದು. ಇದೇ ಪುಸ್ತಕದಲ್ಲಿ, ಎರಡು ಸಾವಿರವನ್ನೂ ಕಲಿಯಲಾಗದವರಿಗಾಗಿ ಸುಮಾರು ೧,೨೦೦ ಪದಗಳ ಕನಿಷ್ಠ ಶಬ್ದಸಂಪತ್ತನ್ನೂ ಅವರು ಸೂಚಿಸಿದರು.

ಭಾರತದಲ್ಲಿ ಆ ಹೊತ್ತಿಗೆ ೧೯೫೮ರಲ್ಲಿ ಹೈದರಾಬಾದಿನಲ್ಲಿ ಕೇಂದ್ರೀಯ ಇಂಗ್ಲಿಷ್ ಸಂಸ್ಥೆ ಸ್ಥಾಪನೆಯಾಗಿತ್ತು. ೧೯೬೩ರಲ್ಲಿ ಬೆಂಗಳೂರಿನಲ್ಲಿ ದಕ್ಷಿಣ ಭಾರತದ ಪ್ರಾದೇಶಿಕ ಇಂಗ್ಲಿಷ್ ಸಂಸ್ಥೆ ಆರಂಭವಾಯಿತು. ವೆಸ್ಟ್ ವರ್ಣಿಸಿದ ತರಗತಿಯೇ ಈ ಸಂಸ್ಥೆಗಳ ಎದುರಿಗಿದ್ದ ತರಗತಿಯೂ ಆಗಿತ್ತು. ಅವರು ೧೯೭೩ರಲ್ಲಿ ತೀರಿಕೊಂಡರು.

೭

ವೆಸ್ಟ್ ಅವರ ಚಿಂತನೆ ಟೀಕೆಗೆ ಹೊರತಾದುದಲ್ಲ. ಪದಗಳನ್ನು ಎಣಿಸಿ ಬರೆದ ಪಾಠದಲ್ಲಿ ಭಾಷೆಯ ಸಹಜತೆ ಸೊರಗುತ್ತದೆಂಬ ಆಕ್ಷೇಪ ಹಳೆಯದು. ೧೯೭೯ರಿಂದ ೧೯೮೪ರವರೆಗೆ ಎನ್.ಎಸ್. ಪ್ರಭು ಅವರು ದಕ್ಷಿಣ ಭಾರತದ ಶಾಲೆಗಳಲ್ಲಿ ನಡೆಸಿ ‘ಬೆಂಗಳೂರು ಯೋಜನೆ’ ಎಂದು ಹೆಸರಾದ ಪ್ರಯೋಗವು, ಪದಗಳ ಮತ್ತು ವಾಕ್ಯರಚನೆಗಳ ಕ್ರಮಬದ್ಧ ಪಟ್ಟಿಯನ್ನು ಬಿಟ್ಟು, ಅರ್ಥದ ಮೇಲೆ ಲಕ್ಷ್ಯವಿಡುವ ಸಮಸ್ಯೆಗಳ ಮೂಲಕವೇ ಭಾಷೆಯನ್ನು ಕಲಿಸಲು ಯತ್ನಿಸಿತು. ೧೯೫೩ರ ಪಟ್ಟಿಯಲ್ಲಿ ಕಂಪ್ಯೂಟರ್ ಎಂಬ ಪದವಿರಲಿಲ್ಲ. ೨೦೧೩ರಲ್ಲಿ ಎರಡು ಸಂಶೋಧಕ ತಂಡಗಳು ಕೋಟಿಗಟ್ಟಲೆ ಪದಗಳ ಸಂಗ್ರಹಗಳಿಂದ ಹೊಸ ಪಟ್ಟಿಗಳನ್ನು ರಚಿಸಿದವು. ಎರಡೂ ತಂಡಗಳು ವೆಸ್ಟ್ ಪಟ್ಟಿಯ ಹೆಸರನ್ನೇ ಮುಂದುವರಿಸಿದ್ದು ಗಮನಾರ್ಹ.

ಹೆಚ್ಚು ಮುಖ್ಯವಾದ ಪ್ರಶ್ನೆ ದ್ವಿಭಾಷಿಕತೆಗೆ ಸಂಬಂಧಿಸಿದ್ದು. ಬಂಗಾಳಿಯಂಥ ಭಾಷೆಯಲ್ಲಿ ತಿಳಿವಳಿಕೆಯ ಸಾಹಿತ್ಯ ಸಾಲದೆಂಬುದನ್ನು ವೆಸ್ಟ್ ಇದ್ದ ಸ್ಥಿತಿಯೆಂದು ಒಪ್ಪಿಕೊಂಡು ಮುಂದೆ ಸಾಗಿದರು. ಆ ಸ್ಥಿತಿಗೆ ಆಳರಸರ ನೀತಿಯೂ ಕಾರಣವಾಗಿತ್ತೆಂಬುದು ಅವರ ವಿಚಾರದಲ್ಲಿ ಪ್ರಧಾನವಾಗಲಿಲ್ಲ. ಓದಿ ಪಡೆದುಕೊಳ್ಳುವವನನ್ನು ಅವರು ಕಂಡರು. ಪಡೆದುದನ್ನು ತನ್ನ ನುಡಿಯಲ್ಲಿ ಬರೆದು ಕೊಡುವವನು ಅವರ ಚಿತ್ರದ ಅಂಚಿನಲ್ಲಿಯೇ ಉಳಿದ. ಕನ್ನಡದ ಅನುಭವ ಈ ಚಿತ್ರವನ್ನು ಪೂರ್ಣಗೊಳಿಸುತ್ತದೆ. ವೆಸ್ಟ್ ಅವರ ವರದಿ ಬಂದ ೧೯೨೬ರಲ್ಲಿಯೇ, ಮೈಸೂರಿನಲ್ಲಿ ಇಂಗ್ಲಿಷ್ ಅಧ್ಯಾಪಕರಾಗಿದ್ದ ಬಿ.ಎಂ. ಶ್ರೀಕಂಠಯ್ಯನವರ ‘ಇಂಗ್ಲಿಷ್ ಗೀತಗಳು’ ಪೂರ್ಣರೂಪದಲ್ಲಿ ಪ್ರಕಟವಾಯಿತು. ಇಂಗ್ಲಿಷಿನ ಓದು ಕನ್ನಡದ ಬರವಣಿಗೆಯಾಗಿ ಮಾರ್ಪಟ್ಟು ಹೊಸಗನ್ನಡ ಕಾವ್ಯದ ದಿಕ್ಕನ್ನೇ ಬದಲಿಸಿತು. ೧೯೩೬ರಲ್ಲಿ ಶಿವರಾಮ ಕಾರಂತರ ‘ಬಾಲಪ್ರಪಂಚ’ವು ಅನ್ಯಭಾಷೆಯ ಗ್ರಂಥಗಳಲ್ಲಿದ್ದ ಲೋಕಜ್ಞಾನವನ್ನು ಕನ್ನಡದ ಮಕ್ಕಳ ಕೈಗಿತ್ತಿತು. ೧೯೪೬ರಲ್ಲಿ ಮೈಸೂರು ವಿಶ್ವವಿದ್ಯಾನಿಲಯದ ಇಂಗ್ಲಿಷ್-ಕನ್ನಡ ನಿಘಂಟು ಬಂದಿತು. ಒಬ್ಬನ ಓದು ಸಾವಿರಾರು ಜನರ ಓದಾಗಿ ಹಬ್ಬುವ ಈ ಬಗೆಯನ್ನು ವೆಸ್ಟ್ ಅವರ ಲೆಕ್ಕ ಒಳಗೊಂಡಿರಲಿಲ್ಲ.

ಆದರೂ ಅವರ ಸರೆಂಡರ್ ಮೌಲ್ಯದ ತತ್ತ್ವ ಬೆಲೆ ಕಳೆದುಕೊಂಡಿಲ್ಲ. ಹಗಲೆಲ್ಲ ಹೋಟೆಲುಗಳಲ್ಲಿ ದುಡಿದು ಮುಂಬಯಿಯ ರಾತ್ರಿಶಾಲೆಗಳಲ್ಲಿ ಕಲಿತ ದಕ್ಷಿಣ ಕನ್ನಡದ ಹುಡುಗರ ಪೈಕಿ ಎಲ್ಲರೂ ಮೆಟ್ರಿಕ್ ಮುಗಿಸಲಿಲ್ಲ. ಮುಗಿಸದವರ ಪಾಲಿಗೆ ಉಳಿದದ್ದೂ ಅಂಗಡಿಯ ಫಲಕವನ್ನು, ಅರ್ಜಿಯ ನಮೂನೆಯನ್ನು, ಪತ್ರಿಕೆಯ ಸುದ್ದಿಯನ್ನು ಓದಿಕೊಳ್ಳುವ ಶಕ್ತಿಯೇ. ಹೊರನಾಡಿನಲ್ಲಿ ಕನ್ನಡ ಮಾಧ್ಯಮದ ಶಾಲೆಗಳ ಸಂಖ್ಯೆ ಕುಗ್ಗಿರುವಾಗ ಈ ತತ್ತ್ವವನ್ನು ಕನ್ನಡದ ಕಲಿಕೆಗೇ ಅನ್ವಯಿಸಿ ನೋಡಬೇಕಾಗಿದೆ. ಮುಂಬಯಿ, ಪುಣೆ, ದೆಹಲಿಗಳಲ್ಲಿ ಬೆಳೆಯುವ ಕನ್ನಡಿಗರ ಮಕ್ಕಳಲ್ಲಿ ಅನೇಕರು ಮನೆಮಾತಾಗಿ ಕನ್ನಡವನ್ನು ಬಲ್ಲರು, ಓದಲು ಅರಿಯರು. ಅವರಲ್ಲಿ ಬಹುಮಂದಿ ಕನ್ನಡ ಕಲಿಕೆಗೆ ಒಂದೆರಡು ವರ್ಷಗಳಿಗಿಂತ ಹೆಚ್ಚು ಸಮಯವನ್ನು ಕೊಡಲಾರರು. ಆ ಅಲ್ಪಾವಧಿಯ ಕೊನೆಗೆ, ವರ್ಣಮಾಲೆ ಮತ್ತು ಕಾಗುಣಿತಗಳ ತಳಪಾಯವಷ್ಟೇ ಅವರಲ್ಲಿ ಉಳಿಯಬೇಕೇ, ಒಂದು ಇಡೀ ಪುಸ್ತಕವನ್ನು ತಾವೇ ಓದಬಲ್ಲ ಶಕ್ತಿ ಉಳಿಯಬೇಕೇ ಎಂಬುದು ಇಂದಿನ ಪ್ರಶ್ನೆ. ಎಣಿಸಿ ಆರಿಸಿದ ಬಳಕೆಯ ಮಾತುಗಳಲ್ಲಿ, ಹಂತಹಂತವಾಗಿ ಬರೆದ ಕನ್ನಡ ಪುಸ್ತಕಗಳು ಅಂಥವರಿಗೆ ಬೇಕು.

ಬಂಗಾಳದ ಶಾಲೆ ಬಿಟ್ಟ ಹುಡುಗನಿಗಾಗಿ ವೆಸ್ಟ್ ಪದಗಳನ್ನು ಎಣಿಸಲು ಕುಳಿತು ಒಂದು ಶತಮಾನ ಸಂದಿದೆ. ಅವರ ಪಟ್ಟಿಗಳು ಹಳೆಯದಾಗಿವೆ, ವಾಚಕಗಳು ಬಳಕೆ ತಪ್ಪಿವೆ. ಪಾಠವನ್ನು ರಚಿಸುವ ಮೊದಲು ಅದನ್ನು ಅರ್ಧಕ್ಕೆ ಬಿಡುವವನನ್ನು ನೆನೆಯಬೇಕೆಂಬ ಅವರ ಎಚ್ಚರ ಮಾತ್ರ ಭಾಷೆಯನ್ನು ಕಲಿಸುವ ಎಲ್ಲರಿಗೂ, ಕನ್ನಡವನ್ನು ಕಲಿಸುವವರಿಗೂ, ಸಲ್ಲುತ್ತದೆ.